ನವಿಲಿನ ತಾಟುಗಳ ಕಾಕಾ

ಮೊನ್ನೆ ಮೊಮ್ಮಗಳ ಮನೆಯಲ್ಲಿ ತೆಳ್ಳನೆಯ ಬಿಳಿ ತಾಟಿನಲ್ಲಿ ಅವಲಕ್ಕಿ ಕೊಟ್ಟಳು. ತಿಂದು ಮುಗಿಸಿ, ಯಾಕೋ ತಾಟನ್ನು ಕಿಟಕಿಯ ಬೆಳಕಿಗೆ ಹಿಡಿದೆ. ಹಿಂದಿದ್ದ ನನ್ನ ಬೆರಳುಗಳು ಮಸುಕಾಗಿ ಕಂಡವು. ಹಾಗೆ ಹಿಡಿದು ನೋಡಲು ಕಲಿಸಿದವರು ಜಮಖಂಡಿಯ ನಮ್ಮ ಎದುರುಮನೆಯ ಕಾಕಾ...

ತೇರದಾಳದಿಂದ ಸೊಸೆಯಾಗಿ ಬಂದು ನನಗಿನ್ನೂ ವರ್ಷವಾಗಿರಲಿಲ್ಲ. ಕಾಕಾ ಜಮಖಂಡಿಯ ಸಿರಿವಂತರೊಬ್ಬರ ದೊಡ್ಡ ವಾಡೆಯಲ್ಲಿ ಇಂಗ್ಲಿಷ್ ತಾಟುಗಳ ಕೋಣೆ ನೋಡಿಕೊಳ್ಳುತ್ತಿದ್ದರು. ಇಂಗ್ಲಿಷ್ ಸಾಹೇಬರು ಊಟಕ್ಕೆ ಬಂದಾಗ ಮಾತ್ರ ಅವು ಹೊರಬರುತ್ತಿದ್ದವು. ಆಮೇಲೆ ಕಾಕಾ ತಾವೇ ತೊಳೆದು, ನಡುನಡುವೆ ಅರಿವೆಯ ತುಂಡು ಇಟ್ಟು ಜೋಡಿಸುತ್ತಿದ್ದರು.

ಸಂಜೆ ಕಟ್ಟೆಯ ಮೇಲೆ ಕೂತು ಅವುಗಳ ಕಥೆ ಹೇಳುತ್ತಿದ್ದರು. ಒಳ್ಳೆಯ ತಾಟನ್ನು ಬೆಳಕಿಗೆ ಹಿಡಿದರೆ ಹಿಂದಿನ ಬೆರಳು ಕಾಣಬೇಕಂತೆ. ಮೊದಮೊದಲು ಇಂಗ್ಲಿಷರಿಗೂ ಇಂಥ ತಾಟು ಚೀನಾದಿಂದಲೇ ಬರಬೇಕಿತ್ತಂತೆ. ಮಣ್ಣಿನ ಗುಟ್ಟು ತಿಳಿಯದೆ ಬಹಳ ಕಾಲ ಒದ್ದಾಡಿ, ಕೊನೆಗೆ ದನದ ಎಲುಬು ಸುಟ್ಟ ಬೂದಿ ಬೆರೆಸಿ ಗೆದ್ದರಂತೆ. ವಾಡೆಯ ಹಿರಿಯರು ಪ್ರತಿ ತಾಟಿನ ನಡುವೆ ನವಿಲು ಬೇಕೆಂದು ವಿಲಾಯತಿಗೆ ಕಾಗದ ಬರೆದು, ಹಡಗಿನಲ್ಲಿ ತರಿಸಿದ್ದರು.

"ಚಿತ್ರ ತಗದಾಂವ ನವಿಲು ಕಂಡಿರಲಿಲ್ಲ ತಂಗಿ. ಬಾತುಕೋಳಿ ಕುತಗಿ ಮಾಡ್ಯಾನ" ಎಂದು ನಗುತ್ತಿದ್ದರು.

ಸ್ವಾತಂತ್ರ್ಯ ಬಂತು; ಜಮಖಂಡಿ ಸಂಸ್ಥಾನ ಹೋಗಿ ನಾವು ಮುಂಬೈ ರಾಜ್ಯಕ್ಕೆ ಸೇರಿದೆವು. ಸಾಹೇಬರು ಬರುವುದು ನಿಂತಿತು. ವಾಡೆಯವರು ತಾಟುಗಳನ್ನು ಮುಂಬೈಗೆ ಮಾರಾಟಕ್ಕೆ ಕಳಿಸಲು ನಿಶ್ಚಯಿಸಿದರು. ಪೆಟ್ಟಿಗೆಗೆ ಹುಲ್ಲು ತುಂಬುವಾಗ, ನೆನಪಿಗೆ ಒಂದು ಇಟ್ಟುಕೊಳ್ಳಿ ಎಂದು ಕಾಕಾಗೆ ಹೇಳಿದರು. ಅವರು ಅದನ್ನು ಧೋತರದ ಅಂಚಿನಲ್ಲಿ ಮುಚ್ಚಿಕೊಂಡು ಮನೆಗೆ ತಂದರು.

ಅವರ ಹೆಂಡತಿ, ನಮ್ಮ ಕಾಕೂ, ಹೊಸ್ತಿಲಲ್ಲೇ ತಡೆದರು. "ದನದ ಎಲುಬಿಂದು ಅಂತ ನೀವs ಹೇಳಿದ್ರಲ್ಲ. ದೇವರಿರೋ ಮನಿ ಅದ, ಒಳಗ ತರಬ್ಯಾಡ್ರಿ."

ಕಾಕಾ ಹೊಸ್ತಿಲಿಂದ ಹಿಂದೆ ಸರಿದರು. ತಾಟನ್ನು ತೊಡೆಯ ಮೇಲಿಟ್ಟುಕೊಂಡು ಕಟ್ಟೆಯ ಮೇಲೆ ಕೂತುಬಿಟ್ಟರು. ನನಗೆ ತಡೆಯಲಾಗಲಿಲ್ಲ. "ನಮ್ಮನ್ಯಾಗ ಇಟಗೋತೀನ್ರಿ ಕಾಕಾ" ಎಂದೆ.

ತಲೆಯಾಡಿಸಿದರು. "ಬ್ಯಾಡ ತಂಗಿ. ಎಲ್ಲಾ ಕೂಡೇ ಇದ್ವು. ಒಂದು ತಂದು ನಾನs ಪಂಕ್ತಿ ಒಡದೆ." ಎದ್ದು ವಾಡೆಗೆ ಹೋಗಿ, ಅದನ್ನೂ ಪೆಟ್ಟಿಗೆಯಲ್ಲಿಟ್ಟು ಬಂದರು. ಮರುದಿನ ಗಾಡಿಗಳು ಕುಡಚಿ ಸ್ಟೇಷನ್ನಿಗೆ ಹೊರಟವು.

ಅಂದಿನಿಂದ ಮುಂಬೈಗೆ ಹೋಗಿಬಂದವರನ್ನೆಲ್ಲ ಕಾಕಾ ತಾಟುಗಳ ಸುದ್ದಿ ಕೇಳುತ್ತಿದ್ದರು. ಒಮ್ಮೆ ನಮ್ಮ ಯಜಮಾನರೇ ಕಚೇರಿ ಕೆಲಸಕ್ಕೆ ಹೋಗಿದ್ದರು. ಹಳೆ ಸಾಮಾನಿನ ಅಂಗಡಿಯೊಂದರಲ್ಲಿ ಆ ಬಾತುಕೋಳಿ ಕತ್ತಿನ ನವಿಲು ಕಂಡಿತಂತೆ. ನಾಲ್ಕೇ ತಾಟು. ಉಳಿದವನ್ನು ಒಬ್ಬೊಬ್ಬರು ಒಂದೆರಡರಂತೆ ಒಯ್ದಿದ್ದರು.

ನಮ್ಮವರು ಊರಿಗೆ ಮರಳಿದ ಸಂಜೆಯೇ ಕಾಕಾ ಬಂದರು. "ಎಲ್ಲಾ ಒಂದs ಕಡೆ ಅದಾವೇನು?"

ನಮ್ಮವರು ತಲೆ ತಗ್ಗಿಸಿದರು. ನಾನು ಬಾಯಿಬಿಟ್ಟೆ. "ಹೂಂನ್ರಿ. ಯಾರೋ ದೊಡ್ಡವರ ಮನ್ಯಾಗ, ಗಾಜಿನ ಕಪಾಟಿನ್ಯಾಗ ಇಟ್ಟಾರಂತ."

"ನವಿಲು ನೆಟ್ಟಗ ಕಾಣೋ ಹಂಗ ನಿಲ್ಲಿಸ್ಯಾರೇನು?"

"ಹೂಂನ್ರಿ ಕಾಕಾ."

ಅವರ ಮುಖ ಎಷ್ಟು ಹಗುರಾಯಿತೆಂದರೆ... ಎದುರುಮನೆಗೆ ಓಡಿದಂತೆಯೇ ಹೋಗಿ ಕಾಕೂಗೆ ಹೇಳಿದರು. ಮತ್ತೆಂದೂ ಯಾರನ್ನೂ ಕೇಳಲಿಲ್ಲ.

ಎರಡು ವರ್ಷಕ್ಕೆ ಕಾಕಾ ತೀರಿಕೊಂಡರು. ಹದಿಮೂರನೆಯ ದಿನ ಮುಗಿದ ಮೇಲೆ ಕಾಕೂ ನನ್ನ ಕೈ ಹಿಡಿದುಕೊಂಡು, "ಆ ತಾಟು ಹಿತ್ತಲದಾಗರ ಇಟ್ಟುಕೋರಿ ಅನಬೇಕಿತ್ತು ನಾನು" ಎಂದು ಅತ್ತರು. ಅವರಿಗೂ ನಾನು ನಿಜ ಹೇಳಲಿಲ್ಲ.

ಈಗ ಕಾಕೂ ಇಲ್ಲ, ನಮ್ಮವರೂ ಇಲ್ಲ. ಕಾಕಾ ಕಂಡದ್ದಕ್ಕಿಂತ ಹೆಚ್ಚು ವರ್ಷ ನಾನು ಕಂಡಿದ್ದೇನೆ. ಸುಳ್ಳು ಹೇಳಿದ್ದು ತಪ್ಪೆಂದು ಇಂದಿಗೂ ಅನಿಸುವುದಿಲ್ಲ. ಆದರೆ ತಾಟುಗಳು ಚೆದುರಿಹೋದ ದುಃಖ ಕಾಕಾ ಅವರದಾಗಿತ್ತು. ನಾನು ಅದನ್ನು ಅವರಿಗೆ ಕೊಡದೆ ನನ್ನಲ್ಲೇ ಇಟ್ಟುಕೊಂಡೆ. ಒಂದು ಸಂಜೆ ಮಾತ್ರ ಅವರ ಪಕ್ಕ ಕೂತು, ಇದ್ದದ್ದು ಹೇಳಿ, ಇಬ್ಬರೂ ಕೂಡಿ ಅತ್ತುಬಿಡಬೇಕೆಂಬ ಆಸೆ... ಅದಕ್ಕಿನ್ನು ಯಾರೂ ಉಳಿದಿಲ್ಲ.