ಕಾಶವ್ವ ಹೊದೆಯದ ಶಾಲು

ಕಾಶವ್ವನಿಗೆ ಥ್ಯಾಂಕ್ಸ್ ಹೇಳಿ ಸುಖವಾಗಿ ಮನೆಗೆ ಹೋದವರನ್ನು ನಾನು ಕಂಡಿಲ್ಲ. ನಮ್ಮ ಶಾಲೆಗೆ ಹೊಸದಾಗಿ ಬಂದ ಗಣಿತದ ಮಾಸ್ತರು ಒಂದು ದಿನ ಊಟ ಮುಗಿಸಿ, ಅಡುಗೆಕೋಣೆಯ ಬಾಗಿಲಲ್ಲಿ ನಿಂತು, ನಗುನಗುತ್ತ ಆ ಮಾತು ಹೇಳಿದರು. ಅವಳು ಸೌಟು ಹಿಡಿದ ಕೈಯನ್ನು ಸೊಂಟಕ್ಕಿಟ್ಟು ಅವರನ್ನು ಮೇಲಿನಿಂದ ಕೆಳಗಿನತನಕ ನೋಡಿದಳು. "ಉಂಡ ತಾಟು ಎಲ್ಲೈತ್ರಿ?" ಎಂದಳು. ತಾಟು ಸ್ಟಾಫ್ ರೂಮಿನ ಮೇಜಿನ ಮೇಲೆ ಎಂಜಲಾಗಿ ಕೂತಿತ್ತು. "ಮೊದಲ ಅದನ್ನ ತಂದ ಇಲ್ಲಿಡ್ರಿ. ಬಾಯಿ ಮಾತು ಆಮ್ಯಾಲೆ." ಮಾಸ್ತರು ತಾಟು ತಂದಿಟ್ಟರು. ಮಾರನೆಯ ದಿನದಿಂದ ಮನೆಯಿಂದಲೇ ಬುತ್ತಿ ತರಲು ಶುರು ಮಾಡಿದರು.

ಸವದತ್ತಿ ತಾಲೂಕಿನಲ್ಲಿ, ನವಿಲುತೀರ್ಥದಿಂದ ಬರುವ ಕಾಲುವೆಗೆ ಅಂಟಿಕೊಂಡ ಹಳ್ಳಿಯ ಶಾಲೆ ನಮ್ಮದು. ಕಾಶವ್ವ ಅಲ್ಲಿ ಬಿಸಿಯೂಟದ ಅಡುಗೆಯವಳು. ನಾನು ಬೈಲಹೊಂಗಲದಿಂದ ಬಸ್ಸಿನಲ್ಲಿ ನೇತಾಡಿಕೊಂಡು ಬರುವ ಕನ್ನಡ ಟೀಚರ್. ಅವಳದು ಗಿಡ್ಡ ಆಳು, ಗಟ್ಟಿ ಮೈ, ಹಣೆಯ ತುಂಬ ವಿಭೂತಿ. ದನಿ ಮಾತ್ರ ಕಾಲುವೆಯಾಚೆಯ ಕಬ್ಬಿನ ಗದ್ದೆಗೂ ಕೇಳಬೇಕು. ನನಗೂ ಅವಳಿಗೂ ಮೊದಲ ದಿನದಿಂದ ಎಣ್ಣೆ ಸೀಗೆಕಾಯಿ. ಅವಳ ಬಾಯಿ ಕೇಳಿದರೆ ನನಗೆ ಸಿಟ್ಟು ನೆತ್ತಿಗೇರುತ್ತಿತ್ತು, ನನ್ನ ಸಿಟ್ಟು ಕಂಡರೆ ಅವಳಿಗೆ ಹುರುಪು ಬರುತ್ತಿತ್ತು.

ಮಕ್ಕಳಿಗೆ ಬಡಿಸುವ ಮೊದಲು ಶಿಕ್ಷಕರೊಬ್ಬರು ಅಡುಗೆಯ ರುಚಿ ನೋಡಬೇಕೆಂಬ ನಿಯಮವಿದೆ. ಆ ಕೆಲಸ ನನ್ನ ಕೊರಳಿಗೆ ಬಿದ್ದಿತ್ತು. ನಾನು ಹೊಸ್ತಿಲು ದಾಟುತ್ತಿದ್ದಂತೆಯೇ "ಬರ್ರಿ, ವಿಷಾ ಹಾಕೇನೋ ಇಲ್ಲೋ ನೋಡಾಕ ಬಂದ್ರಿ?" ಎಂದು ಸ್ವಾಗತ ಮಾಡುತ್ತಿದ್ದಳು. ಒಂದು ಚಮಚ ಸಾರು ಬಾಯಿಗೆ ಹಾಕಿಕೊಂಡು, "ಚಲೋ ಆಗೇತಿ ಕಾಶವ್ವ" ಎಂದು ಹೇಳಿ ನಾನು ಓಡುತ್ತಿದ್ದೆ. ಒಂದು ದಿನ ಬಾಗಿಲಿಗೆ ಅಡ್ಡ ನಿಂತಳು.

"ಏನ್ ಚಲೋ ಆಗೇತ್ರಿ?"

"ಸಾರು."

"ಅದಕ್ಕ ಇನ್ನೂ ಉಪ್ಪs ಹಾಕಿಲ್ಲ. ನಿಮ್ಮ ನಾಲಿಗಿ ಏನ್ ಬೈಲಹೊಂಗಲದಾಗ ಬಿಟ್ಟ ಬಂದೀರೇನು?"

ನನಗೆ ಮೈ ಉರಿಯಿತು. "ನನ್ನ ಪರೀಕ್ಷಾ ಮಾಡ್ತೀ? ಇಲ್ಲಿ ಟೀಚರ್ ನಾನೋ ನೀನೋ?" ಎಂದು ಕೂಗಿದೆ. "ಇವತ್ತ ನಾನ" ಎಂದಳು. ಆಮೇಲೆ ಉಪ್ಪಿನ ಡಬ್ಬಿಗೆ ಕೈ ಹಾಕುತ್ತ, ನನ್ನ ಮುಖವನ್ನೂ ನೋಡದೆ ಹೇಳಿದಳು: "ಮಾಡಿದ್ದನ್ನ ನೋಡಲಾರದ ಹೊಗಳಬ್ಯಾಡ್ರಿ ಅಕ್ಕೋರ. ಅದಕ್ಕಿಂತ ನಾಕ ಮಾತು ಬೈರಿ, ನಡೀತೈತಿ."

ಬೈಯುವುದೇ ನಡೆಯುವುದಾದರೆ ಬೈಯುತ್ತೇನೆ ಎಂದು ಹಟಕ್ಕೆ ಬಿದ್ದೆ. ಮರುದಿನದಿಂದ ಅಡುಗೆಕೋಣೆಯಲ್ಲೇ ಕೂತು ಒಂದು ಬಟ್ಟಲು ತುಂಬ ಉಂಡು, ಬೇಳೆ ಬೆಂದಿಲ್ಲ, ಖಾರ ಜಾಸ್ತಿಯಾಯಿತು, ಅನ್ನ ಮುದ್ದೆಯಾಯಿತು ಎಂದು ಒಂದೊಂದನ್ನೇ ಎತ್ತಿ ಆಡಿದೆ. ಅವಳು ಪ್ರತಿ ಮಾತಿಗೂ ಜಗಳ ತೆಗೆದಳು. "ಖಾರ ಜಾಸ್ತಿ ಅಲ್ರಿ, ನಿಮ್ಮ ಹೊಟ್ಟಿ ಹಗುರ" ಎನ್ನುವಳು. ಆದರೆ ಮರುದಿನ ಖಾರ ಕಡಿಮೆ ಇರುತ್ತಿತ್ತು. ಆ ಜಗಳಗಳಲ್ಲಿ ಅವಳ ಮುಖ ಅರಳುತ್ತಿತ್ತು ಎಂಬುದನ್ನು ಇಷ್ಟವಿಲ್ಲದಿದ್ದರೂ ಒಪ್ಪಬೇಕು.

ಒಮ್ಮೆ ಶಿಕ್ಷಕರ ದಿನಾಚರಣೆ ಬಂತು. ನಮ್ಮ ನಮ್ಮೊಳಗೇ ಪೆನ್ನು ಕೊಟ್ಟುಕೊಂಡೆವು, ಗುಲಾಬಿ ಹಿಡಿದುಕೊಂಡು ಫೋಟೋ ತೆಗೆಸಿಕೊಂಡೆವು. ಹೆಡ್ ಮಾಸ್ತರು ನಮ್ಮನ್ನು ಹೊಗಳಿದರು, ನಾವು ಹೆಡ್ ಮಾಸ್ತರನ್ನು ಹೊಗಳಿದೆವು. "ನಮ್ಮ ಸಹೋದ್ಯೋಗಿ ಬಳಗ ಒಂದು ಕುಟುಂಬ ಇದ್ದಂಗ" ಎಂದು ಅವರು ಹೇಳುವಾಗ ಕಾಶವ್ವ ಚಹಾದ ತಟ್ಟೆ ಹಿಡಿದುಕೊಂಡು ಗೋಡೆಗೆ ಒತ್ತಿ ನಿಂತಿದ್ದಳು. ಖಾಲಿ ಕಪ್ಪು ಒಯ್ಯುವಾಗ ನನ್ನ ಹತ್ತಿರ ಬಗ್ಗಿದಳು.

"ಅಕ್ಕೋರ, ಬಳಗ ಅಂದ್ರ ಅದರಾಗ ಯಾರ್ಯಾರ ಬಂದ್ರು?"

"ಎಲ್ಲಾರೂ ಬಂದ್ರು."

"ನಾನು?"

ನಾನು ನನ್ನ ಖಾಲಿ ಕಪ್ಪನ್ನು ಅವಳ ತಟ್ಟೆಯಲ್ಲಿಟ್ಟೆ. ಅವಳು ಬಿಡಲಿಲ್ಲ. "ನಾನೂ ಇಲ್ಲೇ ದುಡಿಯಾಕ ಹತ್ತೇನಿ. ಕಾಶವ್ವ, ನೀನೂ ಕುಂತ ಒಂದ ಕಪ್ಪು ಚಾ ಕುಡಿ ಅಂತ ಒಬ್ಬರರ ಅಂದ್ರೇನ? ನನಗ ಪೆನ್ನು ಬ್ಯಾಡ, ಹೂವು ಬ್ಯಾಡ. ನಿಮ್ಮಾಕಿ ಅಂತ ಒಮ್ಮೆ ಕುಂಡ್ರಸ್ರಿ, ಸಾಕು." ಅವಳು ಬಾಯಿಬಿಟ್ಟು ಏನನ್ನಾದರೂ ಕೇಳಿದ್ದು ಅದೊಂದೇ ಸಲ. ನಾನು ಹೆಡ್ ಮಾಸ್ತರಿಗೆ ಹೇಳಿದೆ. "ಇವತ್ತ ಕುರ್ಚಿ ಕೊಟ್ರ ನಾಳೆ ನಮ್ಮ ತಲಿ ಮ್ಯಾಲೆ ಕುಂಡ್ರತಾಳ್ರಿ" ಎಂದು ಅವರು ನಕ್ಕರು. ಉಳಿದವರೂ ನಕ್ಕರು.

ವಯಸ್ಸು ಮುಗಿಯಿತೆಂದು ಅವಳನ್ನು ಕೆಲಸದಿಂದ ಬಿಡಿಸಿದರು. ಕೊನೆಯ ದಿನ ಹೆಡ್ ಮಾಸ್ತರಿಗೆ ಇದ್ದಕ್ಕಿದ್ದಂತೆ ಪ್ರೀತಿ ಉಕ್ಕಿತು. ಬೀಳ್ಕೊಡುಗೆ, ಬ್ಯಾನರು, ಹಣ್ಣಿನ ಬುಟ್ಟಿ, ಶಾಲು. ಒಲೆಯ ಮುಂದಿನಿಂದ ಎಬ್ಬಿಸಿಕೊಂಡು ಬಂದು ವೇದಿಕೆಯ ನಡುವಿನ ಕುರ್ಚಿಯಲ್ಲಿ ಕೂರಿಸಿದರು. "ಕಾಶವ್ವ ಬರೀ ಅಡುಗೆಯವಳಲ್ಲ. ನಮ್ಮ ಶಾಲೆಯ ಅನ್ನಪೂರ್ಣೇಶ್ವರಿ, ಸಾಕ್ಷಾತ್ ದೇವತೆ!" ಎಂದು ಭಾಷಣ ಮಾಡಿದರು. ಆಣೆ ಮಾಡಿ ಹೇಳುತ್ತೇನೆ, ಆ ಮನುಷ್ಯ ಅಡುಗೆಕೋಣೆಯೊಳಗೆ ಕಾಲಿಟ್ಟದ್ದನ್ನು ನಾನು ಒಂದು ದಿನವೂ ನೋಡಿಲ್ಲ.

ಶಾಲು ಹೊದಿಸಲು ಬಂದಾಗ ಕಾಶವ್ವ ಎದ್ದು ನಿಂತಳು.

"ಈ ಕುರ್ಚಿ ನಿನ್ನಿತನಕ ಎಲ್ಲಿತ್ರಿ, ಮಾಸ್ತರ?"

ಹೆಡ್ ಮಾಸ್ತರು ಬಿಚ್ಚಿದ ಶಾಲು ಹಿಡಿದುಕೊಂಡೇ ಒಂದು ಹೆಜ್ಜೆ ಹಿಂದೆ ಸರಿದರು.

"ನಾ ದೇವ್ರಾಗಿದ್ರ ನಿಮ್ಮ ಎಂಜಲ ಕಪ್ಪು ಯಾಕ ತೊಳೀತಿದ್ನಿ? ದೇವ್ರಲ್ಲ, ನಿಮ್ಮಂಗ ಪಗಾರಕ್ಕ ಬಂದಾಕಿ. ಇಷ್ಟ ವರ್ಷ ಒಬ್ಬರಿಗೂ ಮನಸಿನಿಂದ ಒಂದ ಚಲೋ ಮಾತು ಬರಲಿಲ್ಲ. ಹೊರಗ ಹಾಕೋ ದಿನಾನ ಬಂತು ನೋಡ್ರಿ, ಬಾಯಿತುಂಬ ಬಂತು!"

ಶಾಲನ್ನು ಅವರ ಕೈಯಿಂದ ತೆಗೆದುಕೊಂಡು ಆ ಕುರ್ಚಿಗೇ ಹೊದಿಸಿದಳು. "ಅನ್ನ ತಳಾ ಹಿಡದೈತಿ, ಹುಡುಗ್ರು ಉಣಬೇಕು" ಎಂದು ಇಳಿದು ಹೋದಳು. ಮಕ್ಕಳಿಗೆ ಬಡಿಸಿ, ಪಾತ್ರೆ ತೊಳೆದಿಟ್ಟು, ಯಾರಿಗೂ ಹೇಳದೆ ಮನೆಗೆ ನಡೆದಳು. ಸ್ಟಾಫ್ ರೂಮಿನಲ್ಲಿ ಅವಳ ಸೊಕ್ಕಿನ ಬಗ್ಗೆ ವಾರಗಟ್ಟಲೆ ಮಾತಾಯಿತು. ಹೆಡ್ ಮಾಸ್ತರು ಶಾಲನ್ನು ಮಡಚಿ ಕಪಾಟಿನಲ್ಲಿಟ್ಟರು. ಮುಂದೆ ಶಾಲೆಗೆ ಬಂದ ಯಾರೋ ಮುಖಂಡರಿಗೆ ಅದನ್ನೇ ಹೊದಿಸಿ ಮತ್ತೊಂದು ಭಾಷಣ ಮಾಡಿದರು.

ನಾನು ಅವಳನ್ನು ಕೊನೆಯ ಸಲ ನೋಡಿದ್ದು ಸವದತ್ತಿಯ ಒಂದು ಖಾನಾವಳಿಯಲ್ಲಿ. ಹಿಂದಿನ ಕೋಣೆಯಿಂದ ರೊಟ್ಟಿ ಬಡಿಯುವ ಸದ್ದಿನ ಜೊತೆಗೆ ಆ ದನಿಯೂ ಕೇಳಿತು. ಊಟ ಬಿಟ್ಟು ಒಳಗೆ ಹೋದೆ. ನನ್ನನ್ನು ನೋಡಿ, "ಇಲ್ಲೂ ರುಚಿ ನೋಡಾಕ ಬಂದ್ರಿ?" ಎಂದಳು. ನಿನ್ನ ಕೈಯ ಅಡುಗೆಯಿಂದ ನಮ್ಮ ಶಾಲೆ ನಡೆಯಿತು, ನಿನ್ನ ಜಗಳವಿಲ್ಲದೆ ನನಗೆ ಮಧ್ಯಾಹ್ನ ಬೇಸರವಾಗುತ್ತದೆ, ನಿನ್ನಿಂದ ಭಾಳ ಉಪಕಾರವಾಗಿದೆ ಎಂದು ತಡವರಿಸಿ ಹೇಳಿದೆ.

ಅವಳ ಕೈ ರೊಟ್ಟಿಯ ಮೇಲೆ ಆಡುತ್ತಲೇ ಇತ್ತು. "ಈಗ್ಯಾಕ ಹೇಳ್ತೀರಿ? ಈಗ ನಾ ನಿಮ್ಮ ಜೋಡಿ ದುಡಿಯಾಕಿ ಅಲ್ಲ. ಹೊತ್ತ ಮೀರಿದ ಮ್ಯಾಲೆ ತಂದ ಕೊಟ್ರ ನಾ ಏನ ಮಾಡ್ಲಿ ಅದನ್ನ? ಅಲ್ಲಿ ಹೊಸಾಕಿ ಬಂದಾಳಲ್ಲ, ಅಕಿಗೆ ಹೇಳ್ರಿ ಹೋಗ್ರಿ. ಅಕಿ ಇನ್ನೂ ಒಲಿ ಮುಂದ ಇದ್ದಾಗ ಹೇಳ್ರಿ." ಇಷ್ಟು ಹೇಳಿ ನನ್ನ ಕಡೆ ಬೆನ್ನು ತಿರುಗಿಸಿದಳು. ಮುಂದಿನ ಸಲ ಹೋದಾಗ ಅವಳು ಅಲ್ಲಿರಲಿಲ್ಲ. ಸಿರಸಂಗಿ ಕಡೆ ಎಲ್ಲೋ ಕೆಲಸ ಹಿಡಿದಿದ್ದಾಳೆಂದು ಖಾನಾವಳಿಯವರು ಹೇಳಿದರು. ಮತ್ತೆ ಭೆಟ್ಟಿಯಾಗಲಿಲ್ಲ.

ಖಾನಾವಳಿಯಲ್ಲಿ ಹಾಗೆ ಬೆನ್ನು ತಿರುಗಿಸಿದ್ದಕ್ಕೆ ಅವತ್ತು ಬಸ್ಸಿನುದ್ದಕ್ಕೂ ಅವಳನ್ನು ಬೈದುಕೊಂಡೆ. ಆದರೂ ಮರುದಿನ ಅಡುಗೆಕೋಣೆಗೆ ಹೋದೆ. ಅವಳ ಜಾಗಕ್ಕೆ ಬಂದ ಮಂಜುಳಾ ಮೆತ್ತಗಿನ ಹೆಣ್ಣುಮಗಳು, ಕೇಳಿದ್ದಕ್ಕಷ್ಟೇ ಉತ್ತರ ಕೊಡುವವಳು. ಒಂದು ಬಟ್ಟಲು ಪೂರ್ತಿ ಉಂಡೆ. ಆಮೇಲೆ, "ಮಂಜುಳಾ, ಬ್ಯಾಳಿ ಹದಕ್ಕ ಬೆಂದಾವ. ದಿನಾ ಹೊತ್ತಿಗೆ ಸರಿಯಾಗಿ ಮಾಡಿ ಇಡತಿ. ನಿನ್ನಿಂದ ನಮಗೆಲ್ಲಾ ಭಾಳ ಉಪಕಾರ ಆಗೇತಿ" ಎಂದೆ.

ಅವಳ ಮುಖದ ಕಳೆಯೇ ಹೋಯಿತು. ಸೌಟು ಕೆಳಗಿಟ್ಟಳು. ಸೆರಗಿಗೆ ಕೈ ಒರೆಸಿಕೊಳ್ಳುತ್ತ ಮೆಲ್ಲಗೆ ಕೇಳಿದಳು:

"ಯಾಕ್ರಿ ಅಕ್ಕೋರ, ನನ್ನೂ ಕೆಲಸಾ ಬಿಡಸಾಕ ಹತ್ತೀರೇನ್ರಿ?"