ದೀಕ್ಷಾಸ್ನಾನದ ರಿಜಿಸ್ಟರಿನಲ್ಲಿ ಇಲ್ಲದ ಹೆಸರು

ಕಳೆದ ಶುಕ್ರವಾರ ಕುವೈತಿನ ಅಹ್ಮದಿಯ ನಮ್ಮ ಹಳೆಯ ಚರ್ಚಿನ ಹಿಂದಿನ ಕೋಣೆಯಲ್ಲಿ ಕಪಾಟು ತೆರೆದೆ. ನುಸಿಗುಳಿಗೆಯ ವಾಸನೆ ಮೂಗಿಗೆ ಬಡಿಯಿತು. ವೇದಿಯ ಬಟ್ಟೆಗಳ ಮಡಿಕೆಯಲ್ಲಿ ಅದನ್ನು ಇಡುತ್ತಿದ್ದವರು ಸಿಸ್ಟರ್ ಅಕ್ಕ. ಈಗ ಬೇರೆ ಯಾರೋ ಇಡುತ್ತಾರೆ. ಆದರೂ ನನಗೆ ಅದು ಅವರದೇ ವಾಸನೆ. ಅಂದಿನಿಂದ ಕೂತಲ್ಲಿ ಕೂರಲಾಗುತ್ತಿಲ್ಲ.

ಎಣ್ಣೆ ಕಂಪನಿಯ ಇಂಗ್ಲಿಷರು ತಮಗಾಗಿ ಕಟ್ಟಿಸಿಕೊಂಡ ಆಂಗ್ಲಿಕನ್ ಚರ್ಚು ಅದು. ಅವರಲ್ಲಿ ಹೆಚ್ಚಿನವರು ಹೋದರು, ನಾವು ಬಂದೆವು. ಶುಕ್ರವಾರ ಇಂಗ್ಲಿಷ್, ತಮಿಳು, ಉರ್ದು, ಕನ್ನಡ ಎಂದು ಸರದಿಯ ಮೇಲೆ ಆರಾಧನೆ. ನಮ್ಮ ಕೊನೆಯ ಕೀರ್ತನೆ ಮುಗಿಯುವ ಮೊದಲೇ ಮುಂದಿನ ಸಭೆಯವರು ಬಾಗಿಲಲ್ಲಿ ನಿಂತು ಕೆಮ್ಮುತ್ತಿರುತ್ತಾರೆ. ಹನ್ನೊಂದು ವರ್ಷಗಳ ಹಿಂದೆ ಈ ಚರ್ಚಿನ ಚರಿತ್ರೆ ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ಅಲ್ಪನಿಗೆ ಐಶ್ವರ್ಯ ಬಂದ ಹಾಗಾಯಿತು. ಕಲ್ಲು ಇಟ್ಟವರು ಯಾರು, ಗಂಟೆ ಕೊಟ್ಟವರು ಯಾರು, ಮೊದಲು ದೀಕ್ಷಾಸ್ನಾನವಾದದ್ದು ಯಾವ ಎಂಜಿನಿಯರನ ಮಗಳಿಗೆ... ರಿಜಿಸ್ಟರುಗಳನ್ನು ಹರಡಿಕೊಂಡು ದೊಡ್ಡ ಪಂಡಿತನಂತೆ ಕೂತಿದ್ದೆ.

ಆಗ ಸಿಸ್ಟರ್ ಅಕ್ಕ ಒಳಗೆ ಬಂದರು. ಉಡುಪಿ ಕಡೆಯವರು, ಇಲ್ಲಿಯ ಆಸ್ಪತ್ರೆಯಲ್ಲಿ ನರ್ಸ್, ಹಾಗಾಗಿ ಎಲ್ಲರಿಗೂ ಸಿಸ್ಟರ್ ಅಕ್ಕ. ಗಂಡ ತೀರಿಕೊಂಡಿದ್ದರು. ಆ ತಿಂಗಳು ನಿವೃತ್ತಿ, ಇಲ್ಲಿ ಉಳಿಯುವ ಪರವಾನಗಿ, ಇಕಾಮಾ, ಮುಗಿಯುವುದರಲ್ಲಿತ್ತು. ಪ್ಲಾಸ್ಟಿಕ್ ಕವರಿನಿಂದ ಒಂದು ಹಳೆಯ ಕಾಗದ ತೆಗೆದು ನನ್ನ ಮುಂದಿಟ್ಟರು.

ಮದುವೆಯಾದ ಹೊಸತರಲ್ಲಿ ಇಲ್ಲಿಯೇ ಅವರಿಗೊಂದು ಗಂಡುಮಗು ಹುಟ್ಟಿತ್ತಂತೆ. ಸಂಜೆಯ ತನಕವೂ ಉಳಿಯಲಿಲ್ಲ. ಪಾದ್ರಿಗಳು ಬೇಸಿಗೆ ರಜೆಯಲ್ಲಿದ್ದರು. ಸಾಯುವ ಮಗುವಿಗೆ ಯಾವ ವಿಶ್ವಾಸಿಯಾದರೂ ದೀಕ್ಷಾಸ್ನಾನ ಕೊಡಬಹುದು. ಹಾಗಾಗಿ ಜೊತೆಯ ನರ್ಸೊಬ್ಬಳು ನಲ್ಲಿಯ ನೀರು ತಂದು ತಲೆಗೆ ಹಾಕಿದಳು. ಹೆಸರು ಹೇಳಿದ್ದು ತಾಯಿ. ಆಮೇಲೆ ಆ ವಿಷಯವನ್ನು ಯಾರ ಹತ್ತಿರವೂ ಎತ್ತುವ ಧೈರ್ಯ ಅವರಿಗೆ ಬರಲಿಲ್ಲ. ಈಗ, ಊರಿಗೆ ಹೋಗುವ ಮೊದಲು, ಮಗನ ಹೆಸರು ಚರ್ಚಿನ ರಿಜಿಸ್ಟರಿನಲ್ಲಿ ಬರಬೇಕು. ಕೇಳಿದ್ದು ಅಷ್ಟೇ.

ಆಸ್ಪತ್ರೆಯ ಆ ಕಾಗದದಲ್ಲಿ ಇಂಥವರ ಮಗು ಎಂದಷ್ಟೇ ಇತ್ತು. "ಇದರಲ್ಲಿ ಹೆಸರೇ ಇಲ್ವಲ್ಲ ಅಕ್ಕ? ಸಾಕ್ಷಿಗೆ ಆ ನರ್ಸ್ ಎಲ್ಲಿದ್ದಾರೆ?" ಎಂದೆ.

"ಅವಳೆಲ್ಲಿದ್ದಾಳೋ ಯಾರಿಗೆ ಗೊತ್ತು? ಹೆಸರಿಟ್ಟ ನಾನೇ ಎದುರು ಕೂತಿದ್ದೇನಲ್ಲ ಮಾರಾಯ್ರೆ! ದೇವರು ಕೊಟ್ರೂ ಪೂಜಾರಿ ಕೊಡ ಅಂತ, ಹಾಗಾಯ್ತು ನಿಮ್ಮದು."

ಹೆಸರು ಹೇಳಿದರು. ಎರಡು ಸಲ ಹೇಳಿದರು, ನಿಧಾನವಾಗಿ. ನಾನು ಪೆನ್ನು ಆಡಿಸುತ್ತ, "ನೋಟ್ ಮಾಡಿಕೊಂಡೆ, ಪಾದ್ರಿಗಳಿಗೆ ಹೇಳಿ ಬರೆಸ್ತೇನೆ" ಎಂದೆ. ಸುಳ್ಳು. ಬರೆದುಕೊಂಡಿರಲಿಲ್ಲ. ಅವರನ್ನು ಒಮ್ಮೆ ಸಾಗಹಾಕಿದರೆ ಸಾಕಿತ್ತು, ನನಗೆ ನನ್ನ ಅಧ್ಯಾಯ ಮುಗಿಸುವ ಅವಸರ.

ಅವರು ಊರಿಗೆ ಹೋದರು. ಪುಸ್ತಕ ಅಚ್ಚಾಯಿತು, ನನಗೆ ಶಾಲು ಹೊದಿಸಿದರು. ಒಂದು ಕ್ರಿಸ್ಮಸ್‌ಗೆ ಫೋನ್ ಮಾಡಿದಾಗ ಸಿಸ್ಟರ್ ಅಕ್ಕ ಕೇಳಿದರು, "ಅದು ಬರೆದಾಯ್ತಲ್ವಾ?" "ಆಯ್ತು, ಆಯ್ತು" ಎಂದೆ. ಆಚೆಯಿಂದ ಮೂಗು ಒರೆಸಿಕೊಂಡ ಸದ್ದು ಕೇಳಿತು. ಅತ್ತಿರಬೇಕು...

ಹೋದ ತಿಂಗಳು ಅವರು ತೀರಿಕೊಂಡರು. ಕಳೆದ ಶುಕ್ರವಾರ, ಆ ಕಪಾಟು ತೆರೆದ ದಿನವೇ, ಹೊಸ ಪಾದ್ರಿಗಳಿಗೆ ಎಲ್ಲವನ್ನೂ ಹೇಳಿಬಿಟ್ಟೆ. ಬೈಯಲಿ ಎಂದೇ ಹೇಳಿದ್ದು. ಅವರು ಬೈಯಲಿಲ್ಲ. ತಾಯಿಯ ಮಾತೇ ಸಾಕಿತ್ತು, ಈಗಲಾದರೂ ಬರೆಯೋಣ, ನಾನೇ ಸಹಿ ಹಾಕುತ್ತೇನೆ ಎಂದು ಪೆನ್ನು ತೆಗೆದರು. ತಂದೆಯ ಹೆಸರು, ತಾಯಿಯ ಹೆಸರು ಬರೆದರು. ಮಗುವಿನ ಹೆಸರು ಕೇಳಿದರು.

ನನಗೆ ನೆನಪಿಗೆ ಬರಲಿಲ್ಲ.

ಫಹಾಹೀಲಿನ ಮನೆಗೆ ಹೋಗುವ ದಾರಿಯುದ್ದಕ್ಕೂ ಕಾರಿನಲ್ಲಿ ಗಟ್ಟಿಯಾಗಿ ಹೇಳಿಕೊಂಡೆ. ಯೋಹಾನ, ಯೋನಾಥಾನ, ಸುಜಯ, ಪ್ರೇಮಾನಂದ... ಯಾವುದೂ ಅಲ್ಲ. ತಿರುವು ತಪ್ಪಿ ಸಮುದ್ರದ ಕಡೆ ಹೋಗಿಬಿಟ್ಟೆ, ತಿರುಗಿ ಬಂದೆ. ಹಳೆಯ ಡೈರಿಗಳನ್ನೆಲ್ಲ ಕೆಳಗೆ ಸುರಿದೆ. "ವಾಟ್ ಆರ್ ಯು ಲುಕಿಂಗ್ ಫಾರ್, ಪಪ್ಪಾ?" ಎಂದಳು ಮಗಳು. ನಾನು ಇನ್ನೊಂದು ಡೈರಿ ಬಿಡಿಸಿದೆ.

ಕೊನೆಗೆ ಉಡುಪಿಗೆ, ಅವರ ತಮ್ಮನ ಮಗಳಿಗೆ ಫೋನ್ ಮಾಡಿದೆ. ನಾನು ಬಾಯಿ ತೆರೆಯುವ ಮೊದಲೇ ಅವಳೇ ಶುರು ಮಾಡಿದಳು.

"ಅಂಕಲ್, ನಾನೇ ನಿಮಗೆ ಮಾಡುವ ಅಂತಿದ್ದೆ. ಅತ್ತೆಗೆ ಒಂದು ಮಗು ಆಗಿತ್ತಂತೆ, ಹೌದಾ? ಕೊನೆಯಲ್ಲಿ ಹೇಳಿದ್ದು ನಮಗೆ. ಹೆಸರು ಕೇಳಿದ್ರೆ ಬರೀ ಅಳು. ಕುವೈತಿನ ಚರ್ಚಿನ ಪುಸ್ತಕದಲ್ಲಿ ಬರೆದುಂಟು, ನಿಮ್ಮನ್ನು ಕೇಳಿದ್ರೆ ಸಿಗ್ತದೆ ಅಂದ್ರು. ಅವರ ಸಮಾಧಿಕಲ್ಲಿನಲ್ಲಿ ಅದನ್ನೂ ಕೆತ್ತಿಸ್ಲಿಕ್ಕುಂಟು. ಆ ಪೇಜಿನ ಒಂದು ಫೋಟೋ ಕಳಿಸ್ತೀರಾ?"

ಕಳಿಸುತ್ತೇನೆ ಎಂದುಬಿಟ್ಟೆ. ಆಮೇಲೆ ಎರಡು ಸಲ ಮೆಸೇಜ್ ಮಾಡಿದ್ದಾಳೆ, ಕಲ್ಲು ಕೆತ್ತುವವನು ಕಾಯುತ್ತಿದ್ದಾನಂತೆ.