ಎರಡು ಮಿಲಿಮೀಟರ್ ಗಾಳಿ

೧೯೯೯ರ ಅಕ್ಟೋಬರ್. ನ್ಯೂಜೆರ್ಸಿಯ ಐಸ್ಲಿನ್‌ನಲ್ಲಿ, ಒಂದು ಸೀರೆ ಅಂಗಡಿಯ ಮೇಲಿನ ಮಹಡಿಯಲ್ಲಿ ನನ್ನ ದಂತ ಚಿಕಿತ್ಸಾಲಯವಿತ್ತು. ಎರಡು ಕುರ್ಚಿ, ಒಂದು ಎಕ್ಸ್‌ರೇ ಯಂತ್ರ, ಹುಬ್ಬಳ್ಳಿಯ ಸುಶೀಲಾಬಾಯಿ ಎಂಬ ಸಹಾಯಕಿ: ಇಷ್ಟೇ ನನ್ನ ಸಂಸ್ಥಾನ. ಆಡಳಿತ ಸುಶೀಲಾಬಾಯಿಯದು, ಸಹಿ ಮಾತ್ರ ನನ್ನದು.

ಡಿಸೆಂಬರ್ ಮೂವತ್ತೊಂದಕ್ಕೆ ಜಗತ್ತಿನ ಕಂಪ್ಯೂಟರುಗಳೆಲ್ಲ ನಿಂತುಹೋಗುತ್ತವೆ ಎಂಬ ಭಯದಲ್ಲಿ ಅಮೆರಿಕ ನಮ್ಮ ಕಡೆಯ ಎಂಜಿನಿಯರುಗಳನ್ನು ವಿಮಾನಗಟ್ಟಲೆ ತರಿಸಿಕೊಂಡಿದ್ದ ಕಾಲ ಅದು. ಮೂರು ವಾರದ ರಜೆ ಹಾಕಿ ಊರಿಗೆ ಹೋಗಿ ಹೆಣ್ಣು ನೋಡಿ ಬರುವ ಮುನ್ನ ಅವರು ನನ್ನ ಬಳಿ ಬರುತ್ತಿದ್ದರು. ಮುಂದಿನ ಎರಡು ಹಲ್ಲುಗಳ ನಡುವಿನ ಸಂದಿಗೆ ನಮ್ಮ ಶಾಸ್ತ್ರದಲ್ಲಿ ಡಯಾಸ್ಟೆಮಾ ಎಂಬ ಗಂಭೀರವಾದ ಹೆಸರಿದೆ. ಹಲ್ಲಿನದೇ ಬಣ್ಣದ ಕಾಂಪೊಸಿಟ್ ಎಂಬ ರಾಳವನ್ನು ಎರಡೂ ಹಲ್ಲುಗಳ ಅಂಚಿಗೆ ಹಚ್ಚಿ ನೀಲಿ ಬೆಳಕಿನಲ್ಲಿ ಗಟ್ಟಿ ಮಾಡಿದರೆ ಒಂದು ಗಂಟೆಯಲ್ಲಿ ಸಂದಿ ಮಾಯ, ವರ ಸಿದ್ಧ. ಆ ವರ್ಷ ಎಷ್ಟು ಸಂದಿ ಮುಚ್ಚಿದೆನೆಂದರೆ, ರೈಲಿನಲ್ಲಿ ಎದುರು ಕುಳಿತವರ ಬಾಯಲ್ಲಿ ಸಂದಿ ಕಂಡರೂ ನನ್ನ ಕೈ ತುರಿಸುತ್ತಿತ್ತು.

ಒಂದು ಸೋಮವಾರ ವುಡ್‌ಬ್ರಿಡ್ಜ್‌ನ ಗಿರೀಶ, ಮೈಸೂರಿನ ಪ್ರೋಗ್ರಾಮರ್, ನನ್ನ ಹಳೆಯ ರೋಗಿ, ಒಬ್ಬ ಎತ್ತರದ ಬಿಳಿಯನನ್ನು ಕರೆತಂದ.

"ಅಂಕಲ್, ಇವರಿಗೆ ಅಪಾಯಿಂಟ್‌ಮೆಂಟ್ ಇಲ್ಲ, ಇನ್ಶೂರೆನ್ಸ್ ಇಲ್ಲ. ಹಲ್ಲೂ ಅರ್ಧ ಇಲ್ಲ."

ಬಂದವನು ಕ್ಯಾಲಮ್. ಸ್ಕಾಟ್‌ಲೆಂಡಿನ ಪಶ್ಚಿಮದ ಒಂದು ದ್ವೀಪದವನು, ಸಂಗೀತಗಾರ. ಯಾವ ಕಂಪನಿಗೂ ಸೇರದೆ ತಾನೇ ಹಾಡಿ, ತಾನೇ ಸಿ.ಡಿ. ಮಾಡಿ, ಕಾರ್ಯಕ್ರಮ ಮುಗಿದ ಮೇಲೆ ಬಾಗಿಲಲ್ಲಿ ನಿಂತು ತಾನೇ ಮಾರುವವನು. ಜೊತೆಗೆ ಕಿರುಚಿತ್ರಗಳನ್ನೂ ತೆಗೆಯುತ್ತಿದ್ದ. ಗಿರೀಶನಿಗೆ ಇಂಟರ್ನೆಟ್‌ನ ಗಿಟಾರ್ ಪ್ರಿಯರ ಕೂಟದಲ್ಲಿ ಪರಿಚಯವಾಗಿ ಅವನ ಮನೆಯ ಸೋಫಾದ ಮೇಲೆ ಇಳಿದುಕೊಂಡಿದ್ದ. ಹೋಬೋಕನ್‌ನಲ್ಲಿ ಫೆರಿ ದೋಣಿಯಿಂದ ದಡಕ್ಕೆ ಇಳಿಯುವಾಗ ಎಡವಿದ್ದಾನೆ. ಬೀಳುವ ಮನುಷ್ಯ ಕೈ ಊರುವುದು ವಾಡಿಕೆ. ಇವನ ಎರಡು ಕೈಯಲ್ಲೂ ಕ್ಯಾಮೆರಾ ಇತ್ತು. ಕ್ಯಾಮೆರಾ ಉಳಿಯಿತು, ಮೇಲಿನ ಎಡ ಮುಂಹಲ್ಲಿನ ಒಳಮೂಲೆ ಹೋಯಿತು.

ಮುರಿದ ಮೂಲೆಯನ್ನು ಕಟ್ಟಿದೆ. ಪಕ್ಕದಲ್ಲೇ ಒಂದು ಸಂದಿ ಇತ್ತು. ಪರದೇಶದಲ್ಲಿ ಬಿದ್ದವನು, ಇರಲಿ ಒಂದು ಉಪಕಾರ ಎಂದು, ಕೇಳದೆಯೇ ಅದನ್ನೂ ಮುಚ್ಚಿಬಿಟ್ಟೆ. ಕೈ ಹಾಕುವ ಮುನ್ನ ಹಲ್ಲಿನ ಅಚ್ಚನ್ನೋ ಫೋಟೋವನ್ನೋ ತೆಗೆದಿಡಬೇಕೆಂಬುದು ನಮ್ಮ ಮೊದಲ ಪಾಠ. ದಿನವೂ ಮಾಡುವ ಕೆಲಸಕ್ಕೆ ಪುರಾವೆ ಏಕೆಂದು ಅದನ್ನೂ ಬಿಟ್ಟೆ. ಕ್ಯಾಲಮ್ ಕನ್ನಡಿಯಲ್ಲಿ ಬಹಳ ಹೊತ್ತು ನೋಡಿಕೊಂಡು "ವೆರಿ ಟೈಡಿ" ಎಂದ. ಅದನ್ನು ನಾನು ಮೆಚ್ಚುಗೆಯೆಂದು ಲೆಕ್ಕ ಹಿಡಿದೆ.

ಬುಧವಾರ ಬೆಳಿಗ್ಗೆ ನಾನು ಬಾಗಿಲು ತೆರೆಯುವ ಮೊದಲೇ ಇಬ್ಬರೂ ಮೆಟ್ಟಿಲ ಮೇಲೆ ಕುಳಿತಿದ್ದರು.

"ಅಂಕಲ್, ನೀವು ಇವರ ಇನ್‌ಸ್ಟ್ರುಮೆಂಟ್ ಕ್ಲೋಸ್ ಮಾಡಿಬಿಟ್ಟಿದ್ದೀರ" ಎಂದ ಗಿರೀಶ.

ವಿಷಯ ಹೀಗಿತ್ತು. ಕ್ಯಾಲಮ್ ತನ್ನ ಚಿತ್ರಗಳಿಗೆ ಶಬ್ದವನ್ನು ಧ್ವನಿಮುದ್ರಿಸುತ್ತಿರಲಿಲ್ಲ. ಮೂಕ ಚಿತ್ರವನ್ನು ಪರದೆಯ ಮೇಲೆ ಬಿಟ್ಟು, ಪಕ್ಕದಲ್ಲಿ ನಿಂತು, ಗಾಳಿ, ಗೇಟು, ಕಡಲಹಕ್ಕಿ ಎಲ್ಲವನ್ನೂ ಬಾಯಲ್ಲೇ ನುಡಿಸುತ್ತಿದ್ದ. ಗಾಳಿ ಬರುತ್ತಿದ್ದುದು ಆ ಸಂದಿಯಿಂದ. ಶನಿವಾರ ಸಂಜೆ ಹೋಬೋಕನ್‌ನ ಒಂದು ಬಾರ್‌ನ ಹಿಂಕೋಣೆಯಲ್ಲಿ ಅವನ ಪ್ರದರ್ಶನ. ಇಷ್ಟು ದೂರ ಬಂದದ್ದೇ ಅದಕ್ಕಾಗಿ. ಈಗ ಊದಿದರೆ ಬರೀ ಉಸಿರು.

ಬೈದಿದ್ದರೆ ಸುಲಭವಾಗುತ್ತಿತ್ತು. ಅವನು ಬೈಯಲಿಲ್ಲ. ನೀವು ಒಳ್ಳೆಯದಕ್ಕೇ ಮಾಡಿದಿರಿ ಎಂದು ನನಗೇ ಸಮಾಧಾನ ಹೇಳಿದ.

ಸುಶೀಲಾಬಾಯಿಗೆ ಆ ದಾಕ್ಷಿಣ್ಯವಿರಲಿಲ್ಲ. "ಸಾಹೇಬ್ರ, ಆ ಮನಶ್ಯಾ ಒಡದದ್ದು ಹಚ್ರಿ ಅಂದಿದ್ದ. ಇದ್ದ ಕಿಟಕಿ ಮುಚ್ಚರಿ ಅಂದಿದ್ನೇನ್ರಿ?"

ರಾಳವನ್ನು ತೇಯ್ದು ತೆಗೆಯುವುದು ಕಷ್ಟವಲ್ಲ. ಬಲಗಡೆಯ ಹಲ್ಲಿನಲ್ಲಿ ತೇಯುತ್ತ ಹೋದರೆ ಅವನ ಸ್ವಂತ ಎನಾಮೆಲ್ ಸಿಗುತ್ತದೆ, ಅಲ್ಲಿಗೆ ನಿಲ್ಲಿಸಿದರಾಯಿತು. ಎಡಗಡೆಯದು ಮುರಿದ ಹಲ್ಲು. ಅದರ ಅಂಚು ಮೊದಲು ಎಲ್ಲಿಗೆ ನಿಂತಿತ್ತೆಂದು ಹೇಳಲು ನನ್ನ ಬಳಿ ಅಚ್ಚಿಲ್ಲ, ಫೋಟೋ ಇಲ್ಲ. ಸಂದಿ ಎಷ್ಟಿತ್ತು ಎಂದು ಕೇಳಿದೆ. ಅಳೆದವರಾರು, ಹುಟ್ಟಿದಾಗಿನಿಂದ ಇತ್ತು ಎಂದ.

ಆಗ ಗಿರೀಶನೇ ನೆನಪಿಸಿದ. "ಅಂಕಲ್, ಶನಿವಾರ ತೋರಿಸೋ ಫಿಲ್ಮ್‌ನ ಫಸ್ಟ್ ಶಾಟ್ ಇವರ ಬಾಯೇ!"

ರೋಗಿಗಳು ಕ್ರಿಕೆಟ್ ಕ್ಯಾಸೆಟ್ ನೋಡುತ್ತಿದ್ದ ಟಿ.ವಿ.ಗೆ, ಚಿತ್ರದ ಟೇಪು ಹಾಕಿದ ಅವನ ಕ್ಯಾಮೆರಾ ಜೋಡಿಸಿದೆವು. ನಾಲ್ಕು ನಿಮಿಷದ ಚಿತ್ರ. ಮೊದಲು ಪರದೆ ತುಂಬ ಅವನ ಬಾಯಿ, ತುಟಿ ತೆರೆದು ಊದುತ್ತಿದೆ. ಆಮೇಲೆ ಒಂದು ಗುಡ್ಡ. ಅವನ ತಾಯಿ ಹಗ್ಗದ ಮೇಲೆ ಬಟ್ಟೆ ಹರವುತ್ತಾಳೆ, ಗಾಳಿ ಕಿತ್ತುಕೊಳ್ಳುತ್ತದೆ, ಮತ್ತೆ ಹರವುತ್ತಾಳೆ. ಕಥೆ ಅಷ್ಟೇ. ಶಬ್ದವಿಲ್ಲದೆ ಅದು ಯಾವುದೋ ಹೆಂಗಸು ಬಟ್ಟೆಯೊಡನೆ ಜಗಳವಾಡುವಂತಿತ್ತು. ನಾನು ಮುಚ್ಚಿದ್ದು ಏನೆಂದು ನನಗೆ ಅರ್ಥವಾದದ್ದು ಆಗ.

ಮೊದಲ ದೃಶ್ಯವನ್ನು ನಿಲ್ಲಿಸಿ, ಟಿ.ವಿ. ಗಾಜಿನ ಮೇಲೆ ಅಡಿಪಟ್ಟಿ ಇಟ್ಟೆ. ಮುಂಹಲ್ಲಿನ ಪಕ್ಕದ ಹಲ್ಲನ್ನು ನಾನು ಮುಟ್ಟಿರಲಿಲ್ಲ. ಅದು ಪರದೆಯಲ್ಲಿ ಐವತ್ತೆರಡು ಮಿಲಿಮೀಟರ್, ಬಾಯಲ್ಲಿ ಕ್ಯಾಲಿಪರ್ ಹಿಡಿದರೆ ಆರೂವರೆ; ಅಂದರೆ ಎಂಟು ಪಟ್ಟು. ಪರದೆಯಲ್ಲಿ ಸಂದಿ ಹದಿನಾರು. ಬಾಯಲ್ಲಿ ಎರಡು. ಇಪ್ಪತ್ತು ವರ್ಷದ ವೃತ್ತಿಯಲ್ಲಿ ರೋಗಿಯ ಕೇಸ್ ಶೀಟನ್ನು ಸಿನಿಮಾದಿಂದ ನಕಲು ಮಾಡಿಕೊಂಡದ್ದು ಅದೊಂದೇ ಸಲ.

ಮರಳುಕಾಗದದಂಥ ಸಣ್ಣ ಪಟ್ಟಿಯಿಂದ ತೇಯತೊಡಗಿದೆ. ಒಂದೂವರೆ ಮಿಲಿಮೀಟರಿಗೆ ಬಂದು ನಿಲ್ಲಿಸಿ ಊದಲು ಹೇಳಿದೆ. ಕುಕ್ಕರ್ ಕೂಗುವ ಮುಂಚಿನ ಸದ್ದು. ಒಂದು ಮುಕ್ಕಾಲು: ಗಡಸಾದ ಸಿಳ್ಳೆ. ಎರಡಕ್ಕೆ ಬಂದಾಗ ಅವನು ಕಣ್ಣು ಮುಚ್ಚಿ ಊದಿದ. ಸದ್ದು ತಗ್ಗಿನಲ್ಲಿ ಹುಟ್ಟಿ, ಏರಿ, ಏನನ್ನೋ ಸುತ್ತಿಕೊಂಡು ಇಳಿಯಿತು. ಹೊರಗೆ ಕಾಯುತ್ತಿದ್ದ ಈಸ್ಟ್ ಬ್ರನ್ಸ್‌ವಿಕ್‌ನ ಹಿರಿಯ ಮಹಿಳೆ ಕೂಗಿ ಹೇಳಿದರು:

"ಸುಶೀಲಾ, ಆ ವಿಂಡೋ ಸ್ವಲ್ಪ ಕ್ಲೋಸ್ ಮಾಡಮ್ಮಾ, ಥಂಡಿ ಗಾಳಿ ಬರ್ತಿದೆ."

ನಮ್ಮ ಕಟ್ಟಡದ ಕಿಟಕಿಗಳು ತೆರೆಯುವಂಥವೇ ಅಲ್ಲ. ನಾನು ಗೆದ್ದವನಂತೆ ಕ್ಯಾಲಮ್‌ನ ಮುಖ ನೋಡಿದೆ. ಅವನು ಇನ್ನೊಮ್ಮೆ ಊದಿ, ತಲೆ ವಾಲಿಸಿ ಕೇಳಿಸಿಕೊಂಡ.

"ಇದು ನಮ್ಮ ದ್ವೀಪದ ಗಾಳಿಯಲ್ಲ ಡಾಕ್ಟರ್. ಪಕ್ಕದ ದ್ವೀಪದ್ದು."

ಸಂದಿಯ ಅಗಲ ಸರಿ ಬಂದಿತ್ತು; ಕಟ್ಟಿದ ಮೂಲೆಯ ಓರೆ ಬಂದಿರಲಿಲ್ಲ. ಒಂದೇ ಕೋನದಿಂದ ತೆಗೆದ ಚಿತ್ರದಲ್ಲಿ ಅದು ಕಾಣುವುದೂ ಇಲ್ಲ. ಇನ್ನೂ ತೇಯಲೇ ಎಂದು ಕೇಳಿದೆ. ಅಂದಾಜಿನ ಮೇಲೆ ತೇಯಬೇಕಾದೀತು, ಇದೂ ಹೋದರೂ ಹೋಗಬಹುದು ಎಂದು ಈ ಸಲ ಮೊದಲೇ ಹೇಳಿದೆ.

ಅವನು ಸ್ವಲ್ಪ ಯೋಚಿಸಿ, "ಬೇಡ. ಅಲ್ಲೂ ಬಟ್ಟೆ ಒಣಗುತ್ತದೆ" ಎಂದ.

ಶನಿವಾರ ಹೋಬೋಕನ್‌ಗೆ ನಾನೂ ಹೋದೆ. ಹಿಂಕೋಣೆಯಲ್ಲಿ ಸುಮಾರು ಮೂವತ್ತು ಜನ. ತಾಯಿ ಬಿಳಿ ಹಾಸೊಂದನ್ನು ಹರವಿದಳು, ಕ್ಯಾಲಮ್ ಊದಿದ, ಹಾಸು ಉಬ್ಬಿತು. ಮುಂದೆ ಕುಳಿತವನೊಬ್ಬ ತನ್ನ ಕೋಟಿನ ಕಾಲರ್ ಏರಿಸಿಕೊಂಡ. ಎಲ್ಲರೂ ಪರದೆ ನೋಡುತ್ತಿದ್ದರು, ನಾನೊಬ್ಬ ಎಡಗಡೆಯ ಹಲ್ಲು ನೋಡುತ್ತಿದ್ದೆ. ಚೆನ್ನಾಗಿತ್ತು ಎಂದು ಎಲ್ಲರೂ ಹೇಳಿದರು. ಅದು ಬೇರೆ ದ್ವೀಪದ ಗಾಳಿ ಎಂಬುದು ಅಲ್ಲಿ ಗಿರೀಶನೂ ಸೇರಿ ಮೂವರಿಗೆ ಮಾತ್ರ ಗೊತ್ತಿತ್ತು, ಅದನ್ನು ಬದಲಿಸಿದವನು ಅವರಲ್ಲೊಬ್ಬ.

ಮುಂದಿನ ಸೋಮವಾರ ನನ್ನ ರೋಗಿಗಳ ಫಾರ್ಮಿನಲ್ಲಿ, ಅಲರ್ಜಿ, ಬಿ.ಪಿ., ಸಕ್ಕರೆಯ ಪ್ರಶ್ನೆಗಳಿಗಿಂತಲೂ ಮೇಲೆ, ಹೊಸದೊಂದು ಪ್ರಶ್ನೆ ಸೇರಿಸಿದೆ: ಈ ಬಾಯಿಯಿಂದ ನೀವು ಏನೇನು ಮಾಡುತ್ತೀರಿ? ಮೊದಲ ಪ್ರೋಗ್ರಾಮರ್ "ಮ್ಯಾನೇಜರಿಗೆ ಯೆಸ್ ಹೇಳುತ್ತೇನೆ" ಎಂದು ಬರೆದ. ಸುಶೀಲಾಬಾಯಿ ಒಂದು ವಾರ ನಕ್ಕಳು. ಆದರೆ ಮಗಳ ಮನೆಗೆ ಬಂದಿದ್ದ ಧಾರವಾಡದ ಹಿರಿಯರೊಬ್ಬರು ಅದೇ ಜಾಗದಲ್ಲಿ "ಪೂಜೆಗೆ ಶಂಖ ಊದತೀನಿ" ಎಂದು ಬರೆದರು. ಅವರ ಕಟ್ಟುಹಲ್ಲಿನ ಸೆಟ್ಟನ್ನು ಅಂತಿಮ ಮಾಡುವ ದಿನ ಮನೆಯಿಂದ ಶಂಖ ತರಿಸಿ, ಊದಿಸಿ ನೋಡಿದ ಮೇಲೆಯೇ ಕುರ್ಚಿಯಿಂದ ಇಳಿಸಿದೆ. ಕೆಳಗಿನ ಸೀರೆ ಅಂಗಡಿಯವರು ಗಾಬರಿಯಾಗಿ ಮೇಲೆ ಓಡಿಬಂದರು.